ಮಂಡಿಯೂರಬಲ್ಲದು ಎಂದು ನೀವು ಬರೆದುಕೊಟ್ಟ ಕಾಲಿನ ಬಗ್ಗೆ

ದೈಹಿಕ ಅರ್ಹತಾ ವಿಭಾಗದ ಮಾನ್ಯ ಮುಖ್ಯಸ್ಥರೇ,

ನಾನು ಮಂಡಿಯೂರಿ ಕೆಲಸ ಮಾಡಬಲ್ಲೆ ಎಂದು ನಿಮ್ಮ ವಿಭಾಗ ಕಳೆದ ಗುರುವಾರ ಬರೆದುಕೊಟ್ಟಿದೆ. ನಾನು ಮಂಡಿಯೂರಲಾರೆ. ನನ್ನ ಬಲಗಾಲಿನ ಮಂಡಿಚಿಪ್ಪು ಎರಡು ತುಂಡಾಗಿದೆ. ಎರಡು ಸಣ್ಣ ಸರಳು, ಒಂದು ತಂತಿಯ ಆಧಾರದಲ್ಲಿ ಅದು ನಿಂತು ಇಂದಿಗೆ ನಲವತ್ತೇಳು ದಿನ. ನಿಮ್ಮ ಕಾಗದದ ಪ್ರಕಾರ ಬರುವ ಸೋಮವಾರ ಬೆಳಿಗ್ಗೆ ಎಂಟಕ್ಕೆ ನಾನು ಆ ಮಂಡಿಯನ್ನು ನೆಲಕ್ಕೆ ಊರಿ ಕೆಲಸ ಶುರು ಮಾಡಬೇಕು. ಮಾಡದಿದ್ದರೆ ಗೈರುಹಾಜರಿ. ಗೈರುಹಾಜರಿ ಮೂರಾದರೆ ಕೆಲಸ ಹೋಯಿತು. ವಿಷಯ ಇಷ್ಟೇ. ಉಳಿದದ್ದೆಲ್ಲ ವಿವರ. ಆ ವಿವರವನ್ನು ನಿಮ್ಮಲ್ಲಿ ಯಾರೂ ಕೇಳದ ಕಾರಣ ಪತ್ರಿಕೆಯಲ್ಲಿ ಬರೆಯುತ್ತಿದ್ದೇನೆ.

ನಾನು ಸಾರ್ವಜನಿಕ ಕಟ್ಟಡಗಳ ದುರಸ್ತಿ ವಿಭಾಗದಲ್ಲಿ ನೆಲಕ್ಕೆ ಟೈಲ್ಸ್ ಹಾಕುವವನು. ಇಪ್ಪತ್ತಾರು ವರ್ಷದಿಂದ ಇದೇ ಕೆಲಸ. ನೀವು ದಿನಕ್ಕೆ ಎಷ್ಟು ಹೊತ್ತು ಕುರ್ಚಿಯಲ್ಲಿ ಇರುತ್ತೀರೋ ಅಷ್ಟು ಹೊತ್ತು ನಾನು ಮಂಡಿಯ ಮೇಲೆ ಇರುತ್ತೇನೆ. ವ್ಯತ್ಯಾಸವೆಂದರೆ ನಾನು ಹಿಂದಕ್ಕೆ ಸರಿಯುತ್ತ ಕೆಲಸ ಮಾಡುತ್ತೇನೆ, ಮುಗಿಸಿದ ಜಾಗ ಕಣ್ಣೆದುರಿಗೇ ಇರುತ್ತದೆ. ಒಂದು ಶಾಲೆಯ ಮೆಟ್ಟಿಲಲ್ಲಿ ಅಂಟಿನ ಪುಡಿಯ ಚೀಲ ಹೊತ್ತು ಏರುವಾಗ ಕಾಲು ಜಾರಿತು. ಚೀಲ ಹಿಂದಿದ್ದವನ ಮೇಲೆ ಬೀಳಬಾರದು ಅಂತ ಬಿಗಿಯಾಗಿ ಹಿಡಿದುಕೊಂಡೆ. ಹಾಗಾಗಿ ಕೈ ಊರಲು ಕೈಯೇ ಇರಲಿಲ್ಲ. ಇಡೀ ಭಾರದೊಂದಿಗೆ ಮಂಡಿ ಮೆಟ್ಟಿಲಿನ ಅಂಚಿಗೆ ಬಡಿಯಿತು. ಚೀಲ ಒಡೆಯಲಿಲ್ಲ.

ಆಸ್ಪತ್ರೆಯಲ್ಲಿ ಶಸ್ತ್ರವೈದ್ಯೆ ಎಕ್ಸ್‌ರೇಯನ್ನು ಕಿಟಕಿಗೆ ಹಿಡಿದು ತೋರಿಸಿದರು. ‘ನೋಡಿ, ಅಡ್ಡಕ್ಕೆ ಒಡೆದಿದೆ. ತೊಡೆಯ ಸ್ನಾಯು ಮೇಲಿನ ತುಂಡನ್ನ ಎಳ್ಕೊಂಡು ಮೇಲೆ ಹೋಗ್ಬಿಟ್ಟಿದೆ.’ ನಡುವೆ ಎಷ್ಟು ಸಂದಿ ಅಂತ ಕೇಳಿದೆ. ‘ಒಂದು ಬೆರಳು’ ಅಂದರು. ‘ಅಷ್ಟು ಸಂದಿ ಬಿಟ್ಟಿದ್ರೆ ನಮ್ಮ ಮೇಸ್ತ್ರಿ ನನ್ನ ಒದ್ದು ಓಡಿಸ್ತಿದ್ದ’ ಅಂದೆ. ಅವರು ನಕ್ಕರು. ನಗುತ್ತಲೇ ಪಕ್ಕಕ್ಕೆ ಕೂತು ಎಲ್ಲವನ್ನೂ ಬಿಡಿಸಿ ಹೇಳಿದರು. ಅದನ್ನೇ ನಿಮಗೆ ಒಪ್ಪಿಸುತ್ತೇನೆ.

ಮಂಡಿಚಿಪ್ಪು ಬರೀ ಬಿರುಕು ಬಿಟ್ಟು ತುಂಡುಗಳು ಜಾಗ ಬಿಡದೆ ಇದ್ದರೆ, ರೋಗಿ ಕಾಲನ್ನು ನೆಟ್ಟಗೆ ಎತ್ತಬಲ್ಲವನಾದರೆ, ಕೊಯ್ಯುವ ಅಗತ್ಯವಿಲ್ಲ. ಕಾಲು ಮಡಚದ ಹಾಗೆ ಪಟ್ಟಿ ಕಟ್ಟಿ ಆರು ವಾರ ಕಾಯುವುದು. ಉದ್ದಕ್ಕೆ ಸೀಳಿದ್ದರೂ ಬಹುಪಾಲು ಹೀಗೆಯೇ. ಅಡ್ಡಕ್ಕೆ ಒಡೆದು ತುಂಡುಗಳು ದೂರವಾದರೆ ಅದು ಬೇರೆ ಕತೆ. ಕಾಲು ಎತ್ತೆಂದರೆ ಏಳುವುದಿಲ್ಲ. ಕೊಯ್ದು, ತುಂಡುಗಳನ್ನು ಕೂಡಿಸಿ, ಸರಳು ತೂರಿಸಿ, ಎಂಟರ ಆಕಾರದಲ್ಲಿ ತಂತಿ ಬಿಗಿಯಬೇಕು. ನನ್ನದು ಇದು. ಚೂರುಚೂರಾಗಿದ್ದರೆ ಇನ್ನೂ ಕಷ್ಟ. ಕೂಡಿಸಲಾಗುವ ಚೂರುಗಳನ್ನು ಕೂಡಿಸಿ, ಆಗದ್ದನ್ನು ತೆಗೆದು, ಸ್ನಾಯುವಿನ ಹುರಿಯನ್ನು ಉಳಿದ ಮೂಳೆಗೆ ಹೊಲಿಯುತ್ತಾರೆ. ಏನೂ ಉಳಿಯದಿದ್ದರೆ ಚಿಪ್ಪನ್ನೇ ತೆಗೆಯುತ್ತಾರೆ. ಆಮೇಲೆ ನಡೆಯಬಹುದು, ಆದರೆ ಆ ಕಾಲಿಗೆ ಮೊದಲಿನ ಬಲ ಬರುವುದಿಲ್ಲ, ಮೆಟ್ಟಿಲಿಳಿಯುವಾಗ ಅದನ್ನು ನಂಬುವ ಹಾಗಿಲ್ಲ. ಮೂಳೆ ಗಟ್ಟಿಯಾಗುವ ಮೊದಲು ಮಂಡಿಯೂರಿದರೆ ತಂತಿ ಹರಿದು ನಾನು ಆ ಚಿಪ್ಪಿಲ್ಲದವರ ಸಾಲಿಗೂ ಸೇರಬಹುದು ಎಂದು ಅವರು ಬರೆದುಕೊಟ್ಟರು. ಆರು ತಿಂಗಳು ನೆಲದ ಕೆಲಸ ಬೇಡ ಎಂದೂ ಬರೆದರು.

ನಿಮ್ಮ ಸುತ್ತೋಲೆಯಲ್ಲಿ ಇದಕ್ಕೆಲ್ಲ ಒಂದೇ ಸಾಲಿದೆ. ‘ಮಂಡಿಚಿಪ್ಪಿನ ಮುರಿತ: ಆರು ವಾರ.’ ಬಿರುಕಿಗೂ ಆರು, ತುಂಡಿಗೂ ಆರು, ಚೂರಿಗೂ ಆರು. ಎಂಥ ಸಮಾನತೆ! ಚಿಪ್ಪು ಇಲ್ಲವೇ ಇಲ್ಲದವನಿಗೆ ಎಷ್ಟು ವಾರವೋ ತಿಳಿಯದು, ಅವನಿಗೂ ಆರೇ ಇರಬೇಕು. ನನಗೆ ಇಷ್ಟು ಗೊತ್ತಾಗಲು ನಾನು ಮೆಟ್ಟಿಲಿಂದ ಬೀಳಬೇಕಾಯಿತು. ನಿಮ್ಮ ಸುತ್ತೋಲೆಗೆ ಗೊತ್ತಾಗಲು ಯಾರು ಬೀಳಬೇಕು ಸ್ವಾಮಿ?

ಇನ್ನು ಗುರುವಾರದ ಮಾತು. ಕಾಲಿನ ಪರೀಕ್ಷೆಯ ಕೋಣೆಯನ್ನು ನೀವು ಮೂರನೇ ಮಹಡಿಯಲ್ಲಿ ಇಟ್ಟಿದ್ದೀರಿ. ಇದರ ಬಗ್ಗೆ ನನ್ನ ಟೀಕೆಯೇನೂ ಇಲ್ಲ. ಊರುಗೋಲು ಊರಿಕೊಂಡು ಒಳಗೆ ಹೋದೆ. ನಿಮ್ಮ ಪರೀಕ್ಷಕ ವೈದ್ಯರು ತಲೆ ಎತ್ತದೆ ನಿಲ್ಲಿಸಿದರು, ಐದು ಹೆಜ್ಜೆ ನಡೆಸಿದರು, ಕಾಲೆತ್ತಿಸಿದರು. ಅವರ ಹಾಳೆಯಲ್ಲಿ ‘ನೆಲಮಟ್ಟದ ಕೆಲಸ’ ಎಂಬ ನಾಲ್ಕನೇ ಅಂಕಣ ಮಾತ್ರ ಖಾಲಿ ಇತ್ತು. ಅಷ್ಟರಲ್ಲಿ ಅವರಿಗೆ ಫೋನ್ ಬಂತು.

ತಪ್ಪು ನಾನು ಮಾಡಿದ್ದು ಅಲ್ಲಿ. ಮೇಜಿನ ಮುಂದಿನ ಟೈಲ್ಸ್ ಮೇಲೆ ಊರುಗೋಲು ಊರಿದಾಗ ಸದ್ದು ಟೊಳ್ಳಾಗಿ ಬಂತು. ಅಡಿಯಲ್ಲಿ ಅಂಟು ಪೂರ್ತಿ ಹರಡಿಲ್ಲ, ಯಾರೋ ಮುದ್ದೆ ಮುದ್ದೆಯಾಗಿ ಇಟ್ಟು ಕೂರಿಸಿದ್ದಾರೆ. ಅಂಥದ್ದನ್ನು ಕೇಳಿಸಿಕೊಂಡು ಸುಮ್ಮನೆ ನಿಲ್ಲುವುದು ನನ್ನ ಕೈಲಾಗದು. ಮೇಜಿನ ಕಾಲು ಹಿಡಿದು, ಬಲಗಾಲನ್ನು ಮುಂದಕ್ಕೆ ಚಾಚಿ, ಎಡ ಪೃಷ್ಠದ ಮೇಲೆ ಹೇಗೋ ಇಳಿದು ಕೂತೆ. ಗೆಣ್ಣಿನಿಂದ ಒಂದೊಂದನ್ನೇ ತಟ್ಟಿದೆ. ನಾಲ್ಕು ಸಡಿಲ. ‘ಸಾರ್, ಇವು ನಾಲ್ಕೂ ಎದ್ದು ಬರುತ್ತೆ, ಯಾರಾದ್ರೂ ಎಡವಿ ಬೀಳ್ತಾರೆ’ ಅಂದೆ.

ಅವರು ಫೋನ್ ಕೆಳಗಿಟ್ಟು ನನ್ನನ್ನು ಮೊದಲ ಸಲ ನೋಡಿದರು. ನೋಡಿ ನಾಲ್ಕನೇ ಅಂಕಣದಲ್ಲಿ ಬರೆದರು: ‘ಅಭ್ಯರ್ಥಿಯು ಸ್ವಪ್ರೇರಣೆಯಿಂದ, ಅನ್ಯರ ನೆರವಿಲ್ಲದೆ ನೆಲಕ್ಕಿಳಿದು ವೃತ್ತಿಸಂಬಂಧಿ ಕಾರ್ಯ ನಿರ್ವಹಿಸಿದ್ದನ್ನು ಖುದ್ದು ಕಂಡಿದ್ದೇನೆ. ಸಮರ್ಥ.’ ಮೊಹರು ಬಿತ್ತು. ಆಮೇಲೆ ನನಗೆ ಏಳಲಾಗಲಿಲ್ಲ. ನಿಮ್ಮ ಜವಾನರೊಬ್ಬರು ಒಂದು ಕಡೆ, ಬಾಗಿಲಲ್ಲಿ ಕಾಯುತ್ತಿದ್ದ ಕೈಮುರಿದ ಡ್ರೈವರೊಬ್ಬರು ತಮ್ಮ ಒಳ್ಳೆಯ ಕೈಯಿಂದ ಇನ್ನೊಂದು ಕಡೆ ಹಿಡಿದು ಎಬ್ಬಿಸಿದರು. ವೈದ್ಯರು ಅಷ್ಟರಲ್ಲಿ ಮುಂದಿನ ಹಾಳೆ ತೆಗೆದಿದ್ದರು. ಇಳಿದದ್ದು ದಾಖಲೆಯಾಯಿತು, ಎಬ್ಬಿಸಿದ್ದು ಆಗಲಿಲ್ಲ.

ಮನೆಯಲ್ಲಿ ಹೇಳಿದೆ. ನನ್ನ ಹೆಂಡತಿ ಲಾಂಡ್ರಿಯಲ್ಲಿ ಇಸ್ತ್ರಿ ಕೆಲಸ ಮಾಡುತ್ತಾಳೆ, ದಿನವಿಡೀ ನಿಂತು ಬರುವವಳು. ಚಪ್ಪಲಿ ಬಿಚ್ಚುತ್ತಲೇ ಕೇಳಿದಳು, ‘ನೀವು ಅಲ್ಲಿಗೆ ಕಾಲು ತೋರ್ಸೋಕೆ ಹೋಗಿದ್ರೋ, ಟೈಲ್ಸ್ ನೋಡೋಕೆ ಹೋಗಿದ್ರೋ?’ ‘ಹೋಗ್ಲಿ, ಅವ್ರ ನೆಲ ಅವ್ರು ನೋಡ್ಕೋತಾರೆ ಅಂತ ಒಂದು ಸಲನಾದ್ರೂ ಅನ್ನಿಸ್ಲಿಲ್ವಾ?’ ಅಂದಳು. ಅನ್ನಿಸಲಿಲ್ಲ.

ಕೆಲಸದಲ್ಲಿ ನನಗೊಬ್ಬ ಜೊತೆಗಾರನಿದ್ದಾನೆ. ಏನನ್ನು ನೋಡಿದರೂ ಒಂದು ಕಣ್ಣು ಮುಚ್ಚಿ ಮಟ್ಟ ನೋಡುವುದರಿಂದ ಅವನನ್ನು ಎಲ್ಲರೂ ರಸಮಟ್ಟ ಅಂತ ಕರೆಯುವುದು. ಅವನದು ಟೈಲ್ಸ್ ಕತ್ತರಿಸುವ ಯಂತ್ರದ ಕೆಲಸ, ಎತ್ತರದ ಸ್ಟೂಲಿನಲ್ಲಿ ಕೂತು ಮಾಡುವಂಥದ್ದು. ‘ಆರು ತಿಂಗಳು ನೀನು ಇಲ್ಲಿ ಕೂತ್ಕೋ, ನಿನ್ನ ನೆಲ ನಾನು ಹಾಕ್ತೀನಿ. ಕೆಟ್ಟದಾಗಿ ಹಾಕ್ತೀನಿ, ಆದ್ರೂ ಹಾಕ್ತೀನಿ’ ಅಂದ. ಮೇಲ್ವಿಚಾರಕರೂ ಒಪ್ಪಿದರು. ನಿಮ್ಮ ಕಾಗದದಲ್ಲಿ ‘ತಾತ್ಕಾಲಿಕವಾಗಿ ಮಂಡಿಯೂರುವಂತಿಲ್ಲ’ ಎಂಬ ಒಂದು ಸಾಲಿದ್ದರೆ ಸಾಕಿತ್ತು. ಶಸ್ತ್ರವೈದ್ಯೆಯ ಪತ್ರ ಹಿಡಿದು ಶುಕ್ರವಾರ ನಿಮ್ಮ ಕಚೇರಿಯ ಕಿಂಡಿಗೆ ಹೋದೆ. ಕಿಂಡಿಯವರು ಓದಿ, ಮಡಚಿ, ವಾಪಸು ಕೊಟ್ಟರು. ‘ಇದು ಅಭಿಪ್ರಾಯ. ನಮ್ಮವರದು ಕಣ್ಣಾರೆ ಕಂಡಿದ್ದು’ ಅಂದರು. ಮರುಪರೀಕ್ಷೆಗೆ ಅರ್ಜಿ ಕೊಡಬಹುದಂತೆ, ಸರದಿ ಎಂಟು ವಾರಕ್ಕೆ ಬರುತ್ತದಂತೆ. ಅಲ್ಲಿಯವರೆಗೆ ಮೊದಲ ಆದೇಶವೇ ಜಾರಿಯಂತೆ.

ಇಷ್ಟೆಲ್ಲ ಬರೆಯುವಾಗ ನನಗೆ ಸಿಟ್ಟು ಬರಬೇಕಿತ್ತು. ಬರುತ್ತಿಲ್ಲ. ಕೊಯ್ದ ಗಾಯದ ಹೊರಗಡೆ ಅಂಗೈಯಗಲ ಚರ್ಮ ಮರಗಟ್ಟಿದೆ, ಸೂಜಿ ಚುಚ್ಚಿದರೂ ಗೊತ್ತಾಗುವುದಿಲ್ಲ. ಕೊಯ್ಯುವಾಗ ಸಣ್ಣ ನರ ಹೋಗುತ್ತದೆ, ಕೆಲವರಿಗೆ ಹಾಗೇ ಉಳಿದುಬಿಡುತ್ತದೆ ಎಂದು ವೈದ್ಯೆ ಹೇಳಿದ್ದರು. ಮನಸ್ಸಿಗೂ ಹಾಗಾಗುತ್ತದೆ ಅಂತ ಹೇಳಿರಲಿಲ್ಲ. ಬೆಳಿಗ್ಗೆ ಏಳುತ್ತೇನೆ, ಹಿಮ್ಮಡಿಯನ್ನು ಹಾಸಿಗೆಯ ಮೇಲೆ ಜಾರಿಸಿ ಕಾಲು ಮಡಚುವ ವ್ಯಾಯಾಮ ಮಾಡುತ್ತೇನೆ, ಗೋಡೆ ನೋಡುತ್ತೇನೆ. ರಸಮಟ್ಟ ಬಂದು ನಿಮ್ಮನ್ನು ಬಾಯಿಗೆ ಬಂದ ಹಾಗೆ ಬೈದ. ಕೇಳಿಸಿಕೊಂಡೆ. ನನ್ನ ಪರವಾಗಿ ಅವನಾದರೂ ಬೈಯಲಿ ಅಂತ ಸುಮ್ಮನಿದ್ದೆ.

ನನ್ನ ಬೇಡಿಕೆ ದೊಡ್ಡದಲ್ಲ. ಸುತ್ತೋಲೆಯ ಒಂದು ಸಾಲನ್ನು ಮೂಳೆ ಹೇಗೆ ಮುರಿದಿದೆ ಎಂದು ನೋಡಿ ನಾಲ್ಕು ಸಾಲು ಮಾಡಿ. ಪರೀಕ್ಷಕರಿಗೆ ಹೇಳಿ, ನೆಲದಲ್ಲಿ ಕೂತವನನ್ನು ನೋಡಿದರೆ ಅವನು ಏಳುವವರೆಗೂ ನೋಡಲಿ. ಇವೆರಡೂ ನಿಧಾನಕ್ಕೆ ಆಗಲಿ, ಬೇರೆಯವರಿಗಾಗಿ. ನನ್ನದು ಮಾತ್ರ ಶನಿವಾರ ಸಂಜೆ ಕಚೇರಿ ಮುಚ್ಚುವುದರೊಳಗೆ ಆಗಬೇಕು. ನಾಲ್ಕನೇ ಅಂಕಣದ ‘ಸಮರ್ಥ’ ಎಂಬ ಪದವನ್ನು ಹೊಡೆದುಹಾಕಿ ಪಕ್ಕದಲ್ಲಿ ಸಹಿ ಮಾಡಿ. ಕತ್ತರಿಸುವ ಯಂತ್ರದ ಮುಂದಿನ ಸ್ಟೂಲ್ ಬಿಟ್ಟುಕೊಡಲು ರಸಮಟ್ಟ ತಯಾರಿದ್ದಾನೆ.

ನೀವು ಮಾಡದಿದ್ದರೆ ನಾನು ಜಗಳ ಮಾಡುವುದಿಲ್ಲ. ಸೋಮವಾರ ಎಂಟಕ್ಕೆ ಹೋಗುತ್ತೇನೆ, ಮಂಡಿಯೂರುತ್ತೇನೆ. ಐವತ್ತೆರಡನೇ ವಯಸ್ಸಿನಲ್ಲಿ ನನಗೆ ಬೇರೆ ಕೆಲಸ ಯಾರೂ ಕೊಡುವುದಿಲ್ಲ. ಹೆಂಡತಿ ಆ ದಿನಕ್ಕೆ ರಜೆ ಕೇಳಿಕೊಂಡು ಬಂದಿದ್ದಾಳೆ. ಲಾಂಡ್ರಿ ಸೇರಿದ ಹದಿನಾಲ್ಕು ವರ್ಷದಲ್ಲಿ ಅವಳು ಹೀಗೆ ರಜೆ ಕೇಳಿದ್ದು ಇದೇ ಮೊದಲು. ಯಾಕೆ ಎಂದು ಕೇಳಿದೆ. ‘ಆಸ್ಪತ್ರೆಗೆ ಜೊತೇಲಿ ಯಾರಾದ್ರೂ ಬೇಕಲ್ಲ’ ಅಂದಳು, ನನ್ನ ಬಟ್ಟೆಗಳನ್ನು ಚೀಲಕ್ಕೆ ಹಾಕುತ್ತಿದ್ದಳು.

ಇಂತಿ,
ನಿಮ್ಮ ದಾಖಲೆಯಲ್ಲಿ ಮಾತ್ರ ಗಟ್ಟಿಮುಟ್ಟಾಗಿರುವ
ಒಬ್ಬ ಟೈಲ್ಸ್ ಕೆಲಸಗಾರ