ಬಿಜಲಿಯ ಹಾಸಿಗೆಗೆ ಹಾಕಿದ ಟವೆಲ್

ಅಕ್ಟೋಬರ್ ೧೪, ಸೋಮವಾರ
ಮರಿಗಳಿಗೆ ಹಾಲು ಹಾಕಿ ಆಯ್ತು. ನಾಯಿ ಕೊಳ್ಳುವ ಟೆಂಪೋದವನು ಮತ್ತೆ ಬಂದಿದ್ದ. ಮರಿ ಬೇಡವಂತೆ, ಬಿಜಲಿಯೇ ಬೇಕಂತೆ. ಮುದಿ ನಾಯಿ. ಈದು ಈದು ಸೋತಿದೆ, ಹಲ್ಲೂ ಉದುರಿವೆ. ಮುಧೋಳ ಜಾತಿಯದಾದರೇನು, ಅದನ್ನು ಯಾರು ಕೊಳ್ಳುತ್ತಾರೆ? ಯಾತಕ್ಕೆ? ನಮ್ಮವರು ಕೇಳಲೂ ಇಲ್ಲ.

"ಯಾರರ ಒಯ್ದ್ರ ಛಲೋನ ಆತು. ಕೂಳರ ಉಳೀತು."

ಪದ್ಧತಿಯಂತೆ ಟೆಂಪೋದವನು ಹೆಗಲ ಮೇಲಿನ ಟವೆಲ್ ಬಿಟ್ಟು ಹೋದ. ಅದನ್ನು ನಾಯಿಯ ಹಾಸಿಗೆಗೆ ಹಾಕಬೇಕು. ವಾಸನೆ ರೂಢಿಯಾದರೆ ರಂಪ ಮಾಡದೆ ಹೊಸ ಮಾಲೀಕನ ಹಿಂದೆ ಹೋಗುತ್ತದೆ. ಶುಕ್ರವಾರ ಬರುತ್ತಾನಂತೆ.

ಅಕ್ಟೋಬರ್ ೧೫
ವಾಟ್ಸಾಪ್ ಗ್ರೂಪಿನಲ್ಲೊಂದು ವಿಡಿಯೋ. ಎಲ್ಲಿಯದೋ ದೂರದ ಸಂತೆ. ಗೋಣಿಚೀಲದಲ್ಲಿ ನಾಯಿಗಳು, ಬಾಯಿಗೆ ಹಗ್ಗ. ಮಾಂಸಕ್ಕಂತೆ... ನಮ್ಮವರಿಗೆ ತೋರಿಸಿದೆ.

"ಅವರ ಊಟ ಅವರದು. ನೀ ಕುರಿ ಸಾರು ಮಾಡೂದಿಲ್ಲೇನು?"

ಹಿಂಡಿ ತಂದಿದ್ದ ತೇರದಾಳದ ನೇಮಿನಾಥಣ್ಣ ಕೇಳಿಸಿಕೊಂಡರು. ಜೈನರು, ಬೆಳ್ಳುಳ್ಳಿ ಸಹ ಮುಟ್ಟದವರು.

"ಕುರಿನೂ ಜೀವಾನ, ನಾಯಿನೂ ಜೀವಾನ. ನಾಯಿಗಷ್ಟ ಯಾಕ ಅಳ್ತೀಯವಾ?"

ಖರೆ, ಸಾರಿನ ಉಪ್ಪು ನೋಡುವವಳೂ ನಾನೇ. ಆದರೆ ಯಾವ ಕುರಿಯನ್ನೂ ಹೆಸರಿಟ್ಟು ಕರೆದಿಲ್ಲ. ಅಷ್ಟು ಕಾರಣ ಸಾಕೇ? ಗೊತ್ತಿಲ್ಲ. ಬಿಜಲಿಯನ್ನೂ ಅಂಥಲ್ಲಿಗೇ ಒಯ್ಯುತ್ತಾನೋ ಎಂಬ ಹೆದರಿಕೆ ಮಾತ್ರ ಹೋಗುತ್ತಿಲ್ಲ.

ಅಕ್ಟೋಬರ್ ೧೭, ಗುರುವಾರ
ಇನ್ನೂ ಹಾಸಿಗೆಗೆ ಹಾಕದೆ ಇಟ್ಟಿದ್ದ ಟವೆಲನ್ನು ಮೂಸಿ ನೋಡಿದೆ. ಬರೀ ಬೆವರಲ್ಲ — ಬೇರೆ ಬೇರೆ ನಾಯಿಗಳ ನಾತ. ಎಷ್ಟನ್ನು ಒಯ್ದಿದ್ದಾನೋ!

ಬೇಡ ಎನ್ನಲು ಬಾಯಿ ಬರಲಿಲ್ಲ. ಈ ಮನೆಯಲ್ಲಿ ಎಂದು ಬಂದಿದೆ? ಉಪಾಯ ಮಾಡಿದೆ. ಟವೆಲನ್ನು ತಿಕ್ಕಿ ತಿಕ್ಕಿ ಒಗೆದೆ. ಅವನ ವಾಸನೆ ಹೋದರೆ ಬಿಜಲಿ ಅವನನ್ನು ಹತ್ತಿರ ಬಿಟ್ಟುಕೊಳ್ಳುವುದಿಲ್ಲ. ಹಗ್ಗದ ಮೇಲೆ ಹಾಕಿದರೆ ನಮ್ಮವರು ಕಾಣುತ್ತಾರೆ. ಸೀರೆಯೊಳಗೆ ಸೊಂಟಕ್ಕೆ ಸುತ್ತಿಕೊಂಡೇ ಒಣಗಿಸಿದೆ. ಸಂಜೆ ಬಿಜಲಿಯ ಹಾಸಿಗೆಗೆ ಹಾಕಿದೆ.

ಅಕ್ಟೋಬರ್ ೧೮, ಬೆಳಿಗ್ಗೆ
ಟೆಂಪೋ ಬಂತು. ಅಡುಗೆಮನೆ ಕಿಟಕಿಯಲ್ಲಿ ನಿಂತೇ ಬರೆಯುತ್ತಿದ್ದೇನೆ. ಅವನು ಹಾಸಿಗೆಯಿಂದ ಟವೆಲ್ ಎತ್ತಿ ಹೆಗಲಿಗೆ ಹಾಕಿಕೊಂಡ. ಬಿಜಲಿ ಬೊಗಳಲಿಲ್ಲ. ಮೂಸಿತು. ಬಾಲ ಅಲ್ಲಾಡಿಸಿತು...

ಅಯ್ಯೋ ಶಿವನೇ. ಅದರಲ್ಲಿರುವುದು ನನ್ನ ಮೈ ವಾಸನೆ! ಇಡೀ ದಿನ ಸೊಂಟಕ್ಕೆ ಸುತ್ತಿಕೊಂಡಿದ್ದೆನಲ್ಲ, ದಡ್ಡಿ. ನನ್ನ ಹಿಂದೆ ಬರುವಂತೆಯೇ ಅವನ ಹಿಂದೆ ಹೊರಟಿದೆ.

"ಶೇವಂತೀ, ನೋಡಿಲ್ಲೆ! ಎಷ್ಟ ಲಗೂನ ಹೊಂದ್ಕೊಂತು!" ನಮ್ಮವರು ನಗುತ್ತಿದ್ದಾರೆ.

ಟೆಂಪೋ ಹತ್ತಿರ ನಿಂತು ಬಿಜಲಿ ಕಿಟಕಿಯತ್ತ ನೋಡುತ್ತಿದೆ. ಕಾಗದಕ್ಕೆ ಹೇಳಿ ಏನು ಬಂತು? ಹೊರಗೆ ಹೋಗಿ ಹೇಳಬೇಕು, ಕೊಡುವುದಿಲ್ಲ ಎಂದು. ಎತ್ತಿ ಒಳಗೆ ಹಾಕಿದ. ಬಾಗಿಲು ಹಾಕುತ್ತಿದ್ದಾ—