ನಲವತ್ತೊಂದು ಡಬ್ಬಿ ಸಾಕಿದವರು

ಹಾಸ್ಟೆಲ್, ರೂಮ್ ಇಪ್ಪತ್ತಮೂರು
ಮಂಗಳವಾರ, ಎಂಟನೇ ತಾರೀಕು

ಪ್ರೀತಿಯ ಅಮ್ಮಾ,

ಸಾರಿ. ಕಾಗದ ಬರೆಯುತ್ತಿರುವುದಕ್ಕೇ ಮೊದಲು ಸಾರಿ. ಫೋನಿನಲ್ಲಿ ಹೇಳೋಣ ಅಂತ ಮೂರು ಸಲ ಹೊರಟೆ. ನೀನು "ಊಟ ಆಯ್ತಾ ಗುಬ್ಬಿ?" ಅಂದ ಕೂಡಲೇ ಧೈರ್ಯವೆಲ್ಲ ಕರಗಿ, "ಹ್ಞೂಂ, ಆಯ್ತು" ಅಂದು ಇಟ್ಟುಬಿಟ್ಟೆ. ಸ್ಕೂಲ್ ಹಾಸ್ಟೆಲಿನಲ್ಲಿ ಭಾನುವಾರ ಕೂರಿಸಿ ಬರೆಸುತ್ತಿದ್ದ ಕಾಗದಗಳೆಲ್ಲ ಇಂಗ್ಲಿಷಿನವು, ಎಲ್ಲದರಲ್ಲೂ ನಾನು 'ಫೈನ್'. ಕನ್ನಡದಲ್ಲಿ ನಿನಗೆ ಬರೆಯುತ್ತಿರುವುದು ಇದೇ ಮೊದಲು. ಒತ್ತಕ್ಷರ ತಪ್ಪಿದ್ದರೆ ನಗಬೇಡ. ಈ ಸಲ ನಾನು ಫೈನ್ ಆಗಿಯೂ ಇಲ್ಲ.

ರಜೆಯಲ್ಲಿ ಒಂದು ಕೆಲಸ ಕೊಟ್ಟಿದ್ದೆಯಲ್ಲ, ಬೀಜದ ಕೋಣೆಯ ಪಟ್ಟಿಯನ್ನು ಇಂಗ್ಲಿಷಿಗೆ ಮಾಡಿ ಸರ್ಕಾರದ ಬೀಜದ ಆಫೀಸಿಗೆ ಕಳಿಸೋದು. ನಲವತ್ತೊಂದು ಡಬ್ಬಿ, ನಲವತ್ತೊಂದು ಸಾಲು. ನೀನು ಬೀಜದ ಕಂಪನಿಯ ವಿರುದ್ಧದ ಮೆರವಣಿಗೆಯ ಓಡಾಟದಲ್ಲಿದ್ದೆ. "ನೀನು ಓದಿದವಳು, ನಾನೇನು ನೋಡೋದು" ಅಂತ ಚಪ್ಪಲಿ ಹಾಕಿಕೊಳ್ಳುತ್ತಲೇ ಸಹಿ ಮಾಡಿದೆ. ನಿನ್ನ ಪಟ್ಟಿಯ ಕೊನೆಯ ಕಾಲಂ 'ಸಾಕಿದವರು'. ಅದರ ಕೆಳಗೆ ಬಾವಿಮನೆ ಅಜ್ಜಿ, ಟೈಲರ್ ಅತ್ತೆ, ಕೆಮ್ಮು ಮಾವ, ಹೀಗೆ. ನನಗೆ ಗೊತ್ತಿದ್ದದ್ದು ಸಾಕುನಾಯಿ ಒಂದೇ. ನಾಯಿ ಸಾಕಿದವರು ಅಂದರೆ ಅದರ ಓನರ್ ತಾನೇ? 'ಓನರ್' ಅಂತ ಟೈಪ್ ಮಾಡಿದೆ. ಓನರ್ ಅಂದಮೇಲೆ 'ಕೆಮ್ಮು ಮಾವ' ಅಂತ ಬರೆಯೋಕಾಗುತ್ತಾ? ಡಬ್ಬಿಗಳೆಲ್ಲ ನಮ್ಮ ಮನೆಯಲ್ಲೇ ಇವೆಯಲ್ಲ ಅಂತ ಅಷ್ಟೂ ಸಾಲಿಗೆ ನಿನ್ನ ಹೆಸರು ಹಾಕಿದೆ.

ಕಳೆದ ಶುಕ್ರವಾರದವರೆಗೂ ಇದು ತಪ್ಪು ಅಂತ ಗೊತ್ತಿರಲಿಲ್ಲ. ಆಫೀಸು ನಮ್ಮ ಕಾಲೇಜಿನಿಂದ ಎರಡೇ ಸ್ಟಾಪ್. ನಮ್ಮ ಪಟ್ಟಿ ಎಲ್ಲಿ ಹೋಗಿ ಕೂತಿದೆ ಅಂತ ನೋಡುವ ಕುತೂಹಲಕ್ಕೆ ಹೋದೆ. ಗುಮಾಸ್ತರು ಫೈಲ್ ತೆಗೆದು ಕನ್ನಡಕದ ಮೇಲಿಂದ ನನ್ನನ್ನು ನೋಡಿದರು. "ಓಹೋ, ಅವರ ಮಗಳಾ? ಬೀಜಕ್ಕೆ ಒಡೆಯರಿಲ್ಲ ಅಂತ ಇಪ್ಪತ್ತು ವರ್ಷದಿಂದ ಇದೇ ಗೇಟಿನ ಮುಂದೆ ಕೂಗಿದವರು, ಈಗ ನಲವತ್ತೊಂದಕ್ಕೆ ತಾವೇ ಓನರ್ರು!" ಆಮೇಲೆ, "ನಾವು ಕೇಳದ ಕಾಲಂ ಇದು. ಟೈಪ್ ಮಾಡಿದ ಮಹಾನುಭಾವರು ಯಾರಮ್ಮ?"

"ಗೊತ್ತಿಲ್ಲ ಸರ್" ಅಂದೆ. ಇದು ಇನ್ನೊಂದು ಸಾರಿ.

ಅಮ್ಮಾ, ಕಂಪನಿಯ ವಕೀಲರು ಅದರ ಕಾಪಿ ತೆಗೆದುಕೊಂಡು ಹೋಗಿದ್ದಾರಂತೆ. ಇಪ್ಪತ್ತೊಂದಕ್ಕೆ ವಿಚಾರಣೆ. ನಮ್ಮ ಪಟ್ಟಿಯ ಚುಕ್ಕೆ ಬೀನ್ಸ್ ತಮ್ಮದು ಅಂತ ಅವರು ಹೇಳುತ್ತಾರೆ, ನೀನು ಎದ್ದು "ಇದು ಯಾರೊಬ್ಬರದೂ ಅಲ್ಲ" ಅನ್ನುತ್ತೀ, ಅವರು ನಿನ್ನದೇ ಸಹಿ ಎತ್ತಿ ತೋರಿಸುತ್ತಾರೆ. ಆ ಬೀನ್ಸನ್ನು ತಮ್ಮ ಮದುವೆಗೆ ಮುಂಚಿನಿಂದ ಸಾಕಿದ ಬಾವಿಮನೆ ಅಜ್ಜಿ ನಿನ್ನ ಹಿಂದಿನ ಬೆಂಚಿನಲ್ಲೇ ಕೂತಿರುತ್ತಾರೆ.

ನನ್ನ ಮುಖ ನೋಡಿ ಗುಮಾಸ್ತರಿಗೂ ಪಾಪ ಅನ್ನಿಸಿರಬೇಕು. ಹದಿನೆಂಟರೊಳಗೆ ತಿದ್ದಿದ ಪಟ್ಟಿ ಕೊಟ್ಟರೆ ಹಳೆಯದು ರದ್ದಾಗುತ್ತಂತೆ. ಸಹಿ ಮಾತ್ರ ಪೆನ್ನಿನದೇ ಬೇಕು, ಫೋಟೋ ನಡೆಯಲ್ಲ. ಹೊಸ ಪಟ್ಟಿ ಇದರ ಜೊತೆ ಇಟ್ಟಿದ್ದೇನೆ. 'ಸಾಕಿದವರು' ಅನ್ನೋದನ್ನು ಈ ಸಲ ಕನ್ನಡದಲ್ಲೇ ಬಿಟ್ಟಿದ್ದೇನೆ. ಕೆಮ್ಮು ಮಾವನ ನಿಜವಾದ ಹೆಸರು ನೀನೇ ತುಂಬು.

ಆ ಪದ ನನಗೆ ಅರ್ಥವಾದದ್ದು ರೂಮ್‌ಮೇಟ್ ಹುಡುಗಿಯಿಂದ. ಬರುವಾಗ ನಿನ್ನ ಡಬ್ಬಿಯಿಂದ ಹತ್ತು ಚುಕ್ಕೆ ಬೀನ್ಸ್ ಕೇಳದೇ ತಂದಿದ್ದೆ (ಸಾರಿ ಮೂರನೇದು). ನೀನು ಮಾಡೋ ಹಾಗೆ ಒದ್ದೆ ಬಟ್ಟೆಯಲ್ಲಿ ಸುತ್ತಿ ಕಿಟಕಿಯಲ್ಲಿಟ್ಟೆ, ಎಷ್ಟು ಮೊಳೆಯುತ್ತೆ ನೋಡೋಣ ಅಂತ. ಅವಳು ಬಂದು, "ಏನೇ ಇದು, ಸೊಳ್ಳೆ ಸಾಕ್ತಿದ್ದೀಯಾ?" ಅಂದಳು. ನಗು ಬಂತು, ತಕ್ಷಣ ನಿಂತೂ ಹೋಯ್ತು. ಸೊಳ್ಳೆಗೆ ಯಾವ ಓನರ್?

ಒಂಬತ್ತು ಮೊಳೆತವು. ಒಂದು ಸುಮ್ಮನೆ ಕೂತಿದೆ. ಅದು ಸತ್ತಿದೆಯೋ ಸೋಮಾರಿಯೋ ಹೇಗೆ ಗೊತ್ತಾಗುತ್ತೆ? ಒಣಗಿದೆಯಾ ಅಂತ ನೀನು ಹಲ್ಲಿನಲ್ಲಿ ಕಚ್ಚಿ ನೋಡುತ್ತೀಯಲ್ಲ, 'ಕಟ್' ಅನ್ನೋ ಆ ಸದ್ದು ಕಲಿಯೋಕೆ ಎಷ್ಟು ವರ್ಷ ಬೇಕಾಯ್ತು? ಡಬ್ಬಿಗೆ ಬೂದಿ ಯಾಕೆ? ಬಾವಿಮನೆ ಅಜ್ಜಿ ಸಾಕಿದ ಬೀನ್ಸು ಟೈಲರ್ ಅತ್ತೆ ಸಾಕಿದ್ದಕ್ಕಿಂತ ಬೇಗ ಕಾಯಿ ಬಿಡುತ್ತೆ ಅಂದಿದ್ದೆ. ಒಂದೇ ಬೀಜ ಸಾಕಿದವರನ್ನು ನೋಡಿ ಬದಲಾಗುತ್ತಾ? ಹದಿನೆಂಟು ವರ್ಷದಲ್ಲಿ ಇದ್ಯಾವುದನ್ನೂ ನಾನು ಕೇಳಿಯೇ ಇಲ್ಲ, ಆಶ್ಚರ್ಯ.

ಬಿಸಿಲಲ್ಲಿ ತಲೆಗೆ ಬಟ್ಟೆ ಕಟ್ಟಿಕೊಂಡು ಓಡಾಡು. ಬಾವಿಮನೆ ಅಜ್ಜಿಗೆ ನಾನು ಕಾಲು ಮುಟ್ಟಿದೆ ಅಂತ ಹೇಳು. ಯಾಕೆ ಅಂತ ಹೇಳುವುದು ನಿನಗೆ ಬಿಟ್ಟದ್ದು.

ನಿನ್ನ,
ಗುಬ್ಬಿ

ಮರೆತ ಮಾತು: ಮರೆತಿರಲಿಲ್ಲ, ಬರೆಯಲು ಹೆದರಿದ್ದೆ. ಟೈಪ್ ಮಾಡುವಾಗ ಐದಾರು ಸಾಲಿಗೇ ಇದೇನೋ ಸರಿಯಿಲ್ಲ ಅನ್ನಿಸಿತ್ತು. ಆದರೂ ನಿಲ್ಲಿಸಲಿಲ್ಲ. ಒಂದನೇ ಕ್ಲಾಸಿನಿಂದ ನನ್ನ ಯಾವ ಫಾರಂ ತೆಗೆದರೂ ನೀನು ಸಹಿ ಮಾಡಬೇಕಾದ ಜಾಗದಲ್ಲಿ ವಾರ್ಡನ್ ಆಂಟಿಯ ಹೆಸರು, ಅವರದೇ ಸಹಿ. ನೀನು ಯಾವಾಗಲೂ ಯಾವುದೋ ಊರಿನ ಬೀಜದ ಹಿಂದೆ ಇರುತ್ತಿದ್ದೆ. ಒಂದೊಂದೇ ಸಾಲಿಗೆ ನಿನ್ನ ಹೆಸರು ಒತ್ತುತ್ತಾ ಹೋಗುವಾಗ ಖುಷಿಯಾಗುತ್ತಿತ್ತು ಅಮ್ಮಾ. ಕಾಲೇಜಿನವರು ಕೊಟ್ಟ ಫಾರಂ ಇನ್ನೂ ಖಾಲಿ ಇಟ್ಟುಕೊಂಡಿದ್ದೇನೆ. ಅದನ್ನೂ ಇದರೊಳಗೇ ಮಡಚಿಟ್ಟಿದ್ದೇನೆ, 'ಪೋಷಕರು' ಅನ್ನೋ ಕಡೆ ಪೆನ್ಸಿಲ್ ಗುರುತು ಹಾಕಿದ್ದೇನೆ. ಎರಡಕ್ಕೂ ಸಹಿ ಮಾಡಿ ಬೇಗ ಕಳಿಸು. ಜೊತೆಗೆ ನಾಲ್ಕು ಸಾಲು ಬರಿ.