ತಪ್ಪು ಅಪ್ಪನ ಕಾಲಿನದಲ್ಲ

ನಿಂಗರಾಜ,

ಎದ್ದ ತಕ್ಷಣ ಇದನ್ನು ಪೂರ್ತಿ ಓದು. ನೀನು ಬಿದ್ದುಕೊಂಡಿದ್ದಾಗ ಚನ್ನಗಿರಿ ಗ್ಯಾರೇಜಿನವನು ನಿನ್ನ ಫೋನಿಗೆ ಕರೆ ಮಾಡಿದ್ದ. ನಾನೇ ಎತ್ತಿದೆ. "ಅಣ್ಣಾ, ಕಾರಿಗೆ ಹೊಸ ಸಾಫ್ಟ್‌ವೇರ್ ಹಾಕಿದ್ಮ್ಯಾಲೆ ಪಿಕಪ್ ಹೆಂಗೈತೆ?" ಅಂದ. ನಮ್ಮ ಗೇಟನ್ನೇ ಬಂದು ಕೇಳು ಅಂದೆ.

ಅಪ್ಪ ನಿನ್ನೆ ಎಕ್ಸಲರೇಟರ್ ತುಳಿದದ್ದು ದಿನಾ ತುಳಿಯುವ ಹಾಗೇ. ಆ ಹೊಸ ಸಾಫ್ಟ್‌ವೇರಿಗೆ ಕಾರು ನೆಗೆದು ಗೇಟಿಗೆ ಗುದ್ದಿತು. ಮೂವತ್ತು ವರ್ಷ ಹೊನ್ನಾಳಿ ಬಸ್ಸು ಓಡಿಸಿ ಒಂದು ಕೋಳಿಯನ್ನೂ ಸಾಯಿಸದ ಮನುಷ್ಯ ಇಳಿದು ತನ್ನ ಕಾಲನ್ನೇ ನೋಡುತ್ತಾ ನಿಂತರೆ, ಅಪ್ಪನಿಗೆ ಹೇಳದೆ ಅದನ್ನು ಹಾಕಿಸಿದ್ದ ನೀನು "ವಯಸ್ಸಾತು ಬಿಡಪ್ಪ, ಇನ್ಮ್ಯಾಲೆ ನಾನೇ ಓಡಿಸ್ತೀನಿ" ಅಂದೆಯಲ್ಲ! ನಾಲಿಗೆಯಾದರೂ ಹೇಗೆ ಹೊರಳಿತೋ?

ಮೊದಲು ಗ್ಯಾರೇಜಿಗೆ ಹೋಗಿ ಹಳೇ ಸಾಫ್ಟ್‌ವೇರನ್ನೇ ಹಾಕಿಸಿಕೊಂಡು ಬಾ. ಮಂಡಕ್ಕಿ ಒಗ್ಗರಣೆ ಬಾಣಲೆಯಲ್ಲಿದೆ, ಬಂದ ಮೇಲೆ ತಿನ್ನು. ಮೆತ್ತಗಾದರೆ ಆಗಲಿ.

ಅಪ್ಪ ತಮ್ಮ ಲೈಸೆನ್ಸನ್ನು ಅಮ್ಮನ ಫೋಟೋದ ಹಿಂದೆ ಇಟ್ಟುಬಿಟ್ಟಿದ್ದಾರೆ. ನಾನು ಮುಟ್ಟಿಲ್ಲ. ನೀನೇ ತೆಗೆದು ಅವರ ಜೇಬಿಗೆ ಇಡು. "ತಪ್ಪು ನಿನ್ನ ಕಾಲಿಂದಲ್ಲಪ್ಪ, ನಂದು" ಅಂತ ನಿನ್ನ ಬಾಯಿಂದಲೇ ಹೇಳು. ಸಂಜೆ ನಾನು ಶಾಲೆಯಿಂದ ಬರುವಷ್ಟರಲ್ಲಿ ಹೇಳಿರಬೇಕು.

ಬೆಳಗ್ಗೆಯಿಂದ ಅವರು ಜಗಲಿಯ ಮೇಲೆ ಕೂತು ಬಲಗಾಲಿಗೆ ಎಣ್ಣೆ ತಿಕ್ಕಿಕೊಳ್ಳುತ್ತಿದ್ದಾರೆ.

ಅಕ್ಕ